ಗೋಡೆ ಪಕ್ಕದ ಫಿಲಿಸ್ಕಸ್

ಫಿಲಿಸ್ಕಸ್ ಅಂತ ಒಬ್ಬನಿದ್ದ. ಗೋಡೆಯ ಪಕ್ಕದಲ್ಲಿ ಅವನ ವಾಸ. ಜ್ವರ ಬಂದು ಹಾಸಿಗೆ ಹಿಡಿದ. ಮೊದಲ ದಿನ ಮೈ ಸುಡುತ್ತಿತ್ತು, ಬೆವರಿದ, ರಾತ್ರಿ ಒದ್ದಾಡಿದ. ಎರಡನೇ ದಿನ ಎಲ್ಲವೂ ಜಾಸ್ತಿಯಾಯಿತು, ಎನಿಮಾ ಕೊಟ್ಟ ಮೇಲೆ ಹೊಟ್ಟೆ ಖಾಲಿಯಾಗಿ ರಾತ್ರಿ ಸ್ವಲ್ಪ ನೆಮ್ಮದಿ. ಮೂರನೇ ದಿನ ಬೆಳಿಗ್ಗೆಯಿಂದ ಮಧ್ಯಾಹ್ನದವರೆಗೆ ಜ್ವರ ಬಿಟ್ಟೇ ಹೋಯಿತು ಅನ್ನುವ ಹಾಗಿತ್ತು. ಸಂಜೆ ಮತ್ತೆ ಏರಿತು. ಬಾಯಾರಿಕೆ, ಒಣಗಿದ ನಾಲಿಗೆ, ಕಪ್ಪಗೆ ಹೋದ ಮೂತ್ರ. ರಾತ್ರಿಯೆಲ್ಲಾ ನಿದ್ದೆಯಿಲ್ಲದೆ ಏನೇನೋ ಬಡಬಡಿಸಿದ. ಐದನೇ ದಿನ ಮೂಗಿನಿಂದ ಚೂರು ರಕ್ತ. ಆ ರಾತ್ರಿ ಕೈಕಾಲು ತಣ್ಣಗಾದವು, ಮತ್ತೆ ಬಿಸಿಯಾಗಲೇ ಇಲ್ಲ. ಆರನೇ ದಿನ ಮಧ್ಯಾಹ್ನದ ಹೊತ್ತಿಗೆ ಸತ್ತ.

ಇದು ಸುಮಾರು 2,400 ವರ್ಷ ಹಳೆಯ ಕೇಸ್ ಶೀಟ್. ಪ್ರಾಚೀನ ಗ್ರೀಸಿನ ವೈದ್ಯ ಹಿಪೊಕ್ರೆಟಿಸ್ ಹೆಸರಿನಲ್ಲಿ ಉಳಿದುಬಂದಿರುವ ‘ಎಪಿಡೆಮಿಕ್ಸ್’ ಅನ್ನುವ ಪುಸ್ತಕದ ಮೊದಲ ರೋಗಿ ಈತ. ನಾನು ಅದನ್ನು ಓದಿದ್ದು ಹೋದ ತಿಂಗಳು ಜ್ವರ ಬಂದು ಮಲಗಿದ್ದಾಗ. ಜ್ವರದಲ್ಲಿ ಓದುವ ಪುಸ್ತಕ ಅಲ್ಲವೇ ಅಲ್ಲ. ನನ್ನ ಮೂರನೇ ದಿನ ಬೆಳಿಗ್ಗೆ ಮೈ ತಣ್ಣಗಾದಾಗ ಖುಷಿಪಡುವುದೋ ಬೇಡವೋ ಅಂತ ಸಂಜೆಯವರೆಗೂ ಕಾದೆ.

ಹಿಪೊಕ್ರೆಟಿಸ್ ಅಂದಕೂಡಲೇ ನಮಗೆ ನೆನಪಾಗುವುದು ಎರಡು: ವೈದ್ಯರ ಪ್ರತಿಜ್ಞೆ, ಮತ್ತೆ ದೇಹದ ನಾಲ್ಕು ರಸಗಳು. ರಕ್ತ, ಕಫ, ಹಳದಿ ಪಿತ್ತ, ಕಪ್ಪು ಪಿತ್ತ. ಇವು ಹದವಾಗಿ ಬೆರೆತಿದ್ದರೆ ಆರೋಗ್ಯ, ಯಾವುದೋ ಒಂದು ಹೆಚ್ಚಾದರೆ ಅಥವಾ ಬೇರೆಯಾಗಿ ಒಂದು ಕಡೆ ನಿಂತರೆ ಕಾಯಿಲೆ. ಈ ನಾಲ್ಕರ ಲೆಕ್ಕ ಇರುವ ಪುಸ್ತಕ ಹಿಪೊಕ್ರೆಟಿಸ್‌ನ ಅಳಿಯ ಪಾಲಿಬಸ್ ಬರೆದದ್ದು ಅಂತಾರೆ. ಹಿಪೊಕ್ರೆಟಿಸ್ ಹೆಸರಿನಲ್ಲಿರುವ ಸುಮಾರು 60 ಬರಹಗಳು ಒಬ್ಬನೇ ಬರೆದವಲ್ಲ, ಒಂದರ ಮಾತು ಇನ್ನೊಂದಕ್ಕೆ ಹೊಂದುವುದೂ ಇಲ್ಲ. ನಾಲ್ಕು ರಸದ ಬಗ್ಗೆ ಎಲ್ಲ ಕಡೆ ಬೇಕಾದಷ್ಟು ಬರೆದಿದ್ದಾರೆ, ನಾನು ಬಿಡ್ತೀನಿ. ಕಪ್ಪು ಪಿತ್ತ ಅನ್ನುವುದು ದೇಹದಲ್ಲಿ ಇಲ್ಲವೇ ಇಲ್ಲ, ಅಷ್ಟು ಸಾಕು.

ನನ್ನನ್ನು ಹಿಡಿದದ್ದು ಆ ಕೇಸ್ ಶೀಟ್‌ಗಳು. ‘ಎಪಿಡೆಮಿಕ್ಸ್’ನ ಒಂದನೇ ಮತ್ತು ಮೂರನೇ ಭಾಗದಲ್ಲಿ ಒಟ್ಟು 42 ರೋಗಿಗಳಿದ್ದಾರೆ. ಅವರಲ್ಲಿ 25 ಮಂದಿ ಸತ್ತರು. ಅದನ್ನು ಮುಚ್ಚಿಟ್ಟಿಲ್ಲ, ನೆಪ ಹೇಳಿಲ್ಲ. ಅರ್ಧಕ್ಕಿಂತ ಜಾಸ್ತಿ ರೋಗಿಗಳು ಕೈತಪ್ಪಿ ಹೋದ ಲೆಕ್ಕವನ್ನು ಕೂತು ಬರೆದಿಟ್ಟ ವೈದ್ಯ ಎಂಥವನಿರಬೇಕು ಅಂತ ಯೋಚಿಸಿ. ಇನ್ನೂ ವಿಚಿತ್ರ ಅಂದರೆ ಇವುಗಳಲ್ಲಿ ಚಿಕಿತ್ಸೆಯ ಮಾತು ಅಪರೂಪ. ಸುಮ್ನೆ ಪಕ್ಕದಲ್ಲಿ ಕೂತು ನೋಡಿದ್ದಾನೆ. ಥರ್ಮಾಮೀಟರ್ ಇಲ್ಲ, ಕೈಯೇ ಎಲ್ಲ. ಇದೇ ಪುಸ್ತಕದ ಇನ್ನೊಂದು ಭಾಗದಲ್ಲಿ ಜ್ವರಗಳನ್ನು ಕೈಗೆ ತಗಲುವ ರೀತಿಯಿಂದಲೇ ಬೇರೆ ಬೇರೆ ಮಾಡುತ್ತಾರೆ, ಕೆಲವು ಮುಟ್ಟಿದರೆ ಚುರುಗುಟ್ಟುತ್ತವೆ, ಕೆಲವು ಮೆತ್ತಗೆ ಅಂತ. ಮುಂದೆ ರೋಮ್‌ನಲ್ಲಿ ಹೆಸರು ಮಾಡಿದ ಬಿಥಿನಿಯಾದ ವೈದ್ಯ ಆಸ್ಕ್ಲೆಪಿಯಾಡಿಸ್ ಈ ಹಳಬರ ವೈದ್ಯವನ್ನು ‘ಸಾವಿನ ಅಭ್ಯಾಸ’ ಅಂತ ಗೇಲಿ ಮಾಡಿದನಂತೆ. ಗೇಲಿ ಚೆನ್ನಾಗಿದೆ. ಆದರೆ ಫಿಲಿಸ್ಕಸ್‌ನ ಉಸಿರಾಟದ ಬಗ್ಗೆ ಒಂದು ಸಾಲಿದೆ ನೋಡಿ: ಕೊನೆಯವರೆಗೂ ಉಸಿರು ಅಪರೂಪಕ್ಕೊಮ್ಮೆ, ದೊಡ್ಡದಾಗಿ, ಉಸಿರಾಡಬೇಕಲ್ಲ ಅಂತ ಆಗಾಗ ನೆನಪು ಮಾಡಿಕೊಳ್ಳುವವನ ಹಾಗೆ. ಸಾಯುವವರ ಹತ್ತಿರ ಕೂತವರಿಗೆ ಈ ಉಸಿರು ಗೊತ್ತು. 19ನೇ ಶತಮಾನದಲ್ಲಿ ಡಬ್ಲಿನ್‌ನ ಇಬ್ಬರು ವೈದ್ಯರು ಇಂಥದ್ದೇ ಉಸಿರಾಟವನ್ನು ವಿವರಿಸಿದರು, ಅದಕ್ಕೆ ಚೇಯ್ನ್-ಸ್ಟೋಕ್ಸ್ ಅಂತ ಅವರ ಹೆಸರೇ ನಿಂತಿತು. ವಿವರಣೆ ಅವರದ್ದು ಇನ್ನೂ ಕರಾರುವಾಕ್ಕಾಗಿರಬಹುದು. ‘ನೆನಪು ಮಾಡಿಕೊಳ್ಳುವವನ ಹಾಗೆ’ ಅನ್ನುವುದು ಮಾತ್ರ ಆ ಗ್ರೀಕನದ್ದೇ.

ಹಿಪೊಕ್ರೆಟಿಸ್ ಹೆಸರಿನ ಆ 60 ಬರಹಗಳ ಗುಂಪಿನಲ್ಲೇ ಮೂರ್ಛೆರೋಗದ ಬಗ್ಗೆ ಒಂದು ಪುಸ್ತಕವಿದೆ, ‘ಪವಿತ್ರ ರೋಗ’ ಅಂತ. ಬರೆದವನು ಯಾರೋ, ಸಿಕ್ಕಾಪಟ್ಟೆ ಸಿಟ್ಟಿನವನು. ಆಗ ಮಂತ್ರ ಹಾಕುವವರು ಈ ಕಾಯಿಲೆ ಯಾವ ದೇವರದ್ದು ಅಂತ ಲಕ್ಷಣ ನೋಡಿ ಹೇಳುತ್ತಿದ್ದರಂತೆ. ರೋಗಿ ಮೇಕೆಯ ಹಾಗೆ ಕೂಗಿದರೆ ದೇವತೆಗಳ ತಾಯಿ, ಕುದುರೆಯ ಹಾಗೆ ಕಿರುಚಿದರೆ ಕಡಲ ದೇವರು ಪೊಸೈಡನ್, ನೊರೆ ಕಾರಿ ಕಾಲು ಒದ್ದರೆ ಯುದ್ಧದ ದೇವರು ಏರಿಸ್. ಮೇಲೆ ಒಂದಿಷ್ಟು ಪಥ್ಯ: ಮೇಕೆಯ ಮಾಂಸ ತಿನ್ನಬಾರದು, ಮೇಕೆಯ ಚರ್ಮದ ಮೇಲೆ ಮಲಗಬಾರದು, ಕಪ್ಪು ಬಟ್ಟೆ ಬೇಡ, ಕಾಲ ಮೇಲೆ ಕಾಲು ಹಾಕಬೇಡ. ಇವನು ಕೇಳುತ್ತಾನೆ, ಹಾಗಾದರೆ ಮೇಕೆಯನ್ನೇ ತಿಂದು ಮೇಕೆಯನ್ನೇ ಹೊದ್ದು ಬದುಕುವ ಲಿಬಿಯಾದವರಲ್ಲಿ ಒಬ್ಬನೂ ಆರೋಗ್ಯವಾಗಿರಬಾರದಲ್ಲ ಅಂತ. ಆಮೇಲೆ ಇವನೇ ಒಂದು ಮೇಕೆಯ ತಲೆಗೆ ಬರುತ್ತಾನೆ. ಈ ಕಾಯಿಲೆ ಬಂದ ಮೇಕೆಯ ತಲೆ ಸೀಳಿ ನೋಡಿ, ಮಿದುಳು ಒದ್ದೆಯಾಗಿ ನೀರು ತುಂಬಿ ನಾರುತ್ತಿರುತ್ತದೆ, ತೊಂದರೆ ಇರುವುದು ಅಲ್ಲಿ, ದೇವರಲ್ಲಲ್ಲ.

ಮಿದುಳು ಅನ್ನುವುದನ್ನು ಸರಿಯಾಗಿ ಹಿಡಿದ. ಕಾರಣ ಹೇಳಲು ಹೋಗಿ, ಕಫ ಇಳಿದು ರಕ್ತನಾಳ ಕಟ್ಟಿಕೊಳ್ಳುತ್ತದೆ ಅಂತ ಎಡವಿದ. ಇವರೆಲ್ಲರ ಕತೆಯೂ ಹೀಗೇ. ನೋಡಿದ್ದು ಬಹಳ ಕಡೆ ಸರಿ, ‘ಯಾಕೆ’ ಅಂತ ಬಾಯಿ ಬಿಟ್ಟಾಗ ತಪ್ಪು.

ಆ ಪುಸ್ತಕದಲ್ಲಿ ನಾನು ಎರಡು ಸಲ ಓದಿದ ಜಾಗ ಬೇರೆಯದು. ಫಿಟ್ಸ್ ಬರುವುದು ದೊಡ್ಡವರಿಗೆ ಮೊದಲೇ ಗೊತ್ತಾಗುತ್ತದೆ, ಆಗ ಅವರು ಜನರ ಮಧ್ಯದಿಂದ ಓಡುತ್ತಾರೆ, ಮನೆ ಹತ್ತಿರವಿದ್ದರೆ ಮನೆಗೆ, ಇಲ್ಲದಿದ್ದರೆ ಯಾರೂ ಇಲ್ಲದ ಕಡೆಗೆ, ಮತ್ತೆ ತಲೆಗೆ ಬಟ್ಟೆ ಮುಸುಕಿಕೊಳ್ಳುತ್ತಾರೆ. ಇದು ದೇವರ ಭಯವಲ್ಲ, ನಾಚಿಕೆ ಅನ್ನುತ್ತಾನೆ. ಪುಟ್ಟ ಮಕ್ಕಳು ಮೊದಮೊದಲು ಇದ್ದಲ್ಲೇ ಬೀಳುತ್ತವೆ. ಅಭ್ಯಾಸವಾದ ಮೇಲೆ, ಬರುವುದು ಗೊತ್ತಾದ ಕೂಡಲೇ, ಅಮ್ಮನ ಹತ್ತಿರ ಓಡುತ್ತವೆ. ಅವಕ್ಕೆ ನಾಚಿಕೆ ಅಂದರೇನು ಅಂತ ಇನ್ನೂ ಗೊತ್ತಿಲ್ಲವಲ್ಲ.

ಇನ್ನು ರೋಮ್‌ಗೆ ಬಂದರೆ ಗ್ಯಾಲೆನ್. ಕ್ರಿ.ಶ. 129ರಲ್ಲಿ ಪೆರ್ಗಮನ್‌ನಲ್ಲಿ ಹುಟ್ಟಿ, ಅಲ್ಲೇ ಗ್ಲಾಡಿಯೇಟರ್‌ಗಳ ಗಾಯ ಹೊಲಿದು, ಆಮೇಲೆ ರೋಮ್‌ನಲ್ಲಿ ಚಕ್ರವರ್ತಿ ಮಾರ್ಕಸ್ ಅರೇಲಿಯಸ್‌ನ ವೈದ್ಯನಾದವನು. ಬರೆದದ್ದು ಎಷ್ಟೆಂದರೆ 19ನೇ ಶತಮಾನದಲ್ಲಿ ಅಚ್ಚಾದಾಗ 20 ಸಂಪುಟ ಬೇಕಾಯಿತು. ಬುದ್ಧಿವಂತ, ಅನುಮಾನವಿಲ್ಲ. ಆದರೆ ಓದುತ್ತಾ ಹೋದರೆ ಸುಸ್ತಾಗುತ್ತದೆ, ಯಾಕಂದರೆ ಹೆಚ್ಚುಕಡಿಮೆ ಪ್ರತಿ ಕತೆಯಲ್ಲೂ ಉಳಿದ ವೈದ್ಯರೆಲ್ಲ ದಡ್ಡರು, ಗೆಲ್ಲುವವನು ಗ್ಯಾಲೆನ್.

ಒಂದು ಕತೆಗೆ ಮಾತ್ರ ನಾನೂ ಸೋತೆ. ಜಸ್ಟಸ್ ಅನ್ನುವವನ ಹೆಂಡತಿಗೆ ನಿದ್ದೆ ಬರುತ್ತಿಲ್ಲ, ಏನು ಕೇಳಿದರೂ ಸರಿಯಾಗಿ ಉತ್ತರ ಕೊಡುವುದಿಲ್ಲ, ಮುಸುಕು ಎಳೆದುಕೊಳ್ಳುತ್ತಾಳೆ. ಗ್ಯಾಲೆನ್ ಅಲ್ಲಿದ್ದಾಗ ನಾಟಕದಿಂದ ಬಂದ ಯಾರೋ ‘ಪಿಲಾಡಿಸ್ ಕುಣಿಯುವುದನ್ನು ನೋಡಿದೆ’ ಅಂದರು. ಅವಳ ಮುಖದ ಬಣ್ಣ ಬದಲಾಯಿತು. ಇವನು ಕೈ ಹಿಡಿದು ನೋಡಿದ, ನಾಡಿ ಏರುಪೇರು. ಮರುದಿನ ಬೇಕಂತಲೇ ತನ್ನ ಕಡೆಯವನೊಬ್ಬನನ್ನು ಕರೆಸಿ ಬೇರೆ ನರ್ತಕನ ಹೆಸರು ಹೇಳಿಸಿದ. ನಾಡಿ ಸುಮ್ಮನಿತ್ತು. ಅದರ ಮರುದಿನ ಇನ್ನೊಂದು ಹೆಸರು, ಆಗಲೂ ಅಷ್ಟೇ. ನಾಲ್ಕನೇ ಸಲ ಮತ್ತೆ ಪಿಲಾಡಿಸ್ ಅನ್ನಿಸಿದ, ನಾಡಿ ಕುಣಿಯಿತು. ಬೇರೆ ಹೆಸರುಗಳನ್ನೂ ಪರೀಕ್ಷಿಸಿ ನೋಡಬೇಕು ಅಂತ ಹೊಳೆದದ್ದೇ ದೊಡ್ಡದು, ಅಲ್ವಾ? ಪಾಪ, ಅವಳ ಗುಟ್ಟು ಪುಸ್ತಕಕ್ಕೆ ಹೋಗಿ ಇವತ್ತು ನನ್ನ ತನಕ ಬಂತು.

‘ಎಪಿಡೆಮಿಕ್ಸ್’ನಲ್ಲೂ ಹೀಗೆ ಮುಸುಕು ಹಾಕಿಕೊಳ್ಳುವ ಒಬ್ಬಳಿದ್ದಾಳೆ. ಥಾಸಸ್ ದ್ವೀಪದಲ್ಲಿ ಡೆಲಿಯರ್ಸಿಸ್‌ನ ಹೆಂಡತಿ, ಅವಳ ಹೆಸರು ಬರೆದಿಲ್ಲ. ಯಾವುದೋ ದುಃಖದ ನಂತರ ನಡುಕ, ಜ್ವರ. ಶುರುವಿನಿಂದಲೂ ಮುಸುಕೆಳೆದು ಮಲಗಿದ್ದಳು, ಮಾತಿಲ್ಲ. ತಡಕಾಡುತ್ತಿದ್ದಳು, ಪರಚುತ್ತಿದ್ದಳು, ಕೂದಲು ಕೀಳುತ್ತಿದ್ದಳು, ಅಳುತ್ತಿದ್ದಳು, ಹಿಂದೆಯೇ ನಗುತ್ತಿದ್ದಳು. ಇಲ್ಲಿ ಯಾರೂ ಬಂದು ಯಾರ ಹೆಸರೂ ಹೇಳಲಿಲ್ಲ, ಯಾರೂ ಗೆಲ್ಲಲಿಲ್ಲ. ವೈದ್ಯ ಅವಳ ಮೂತ್ರದ ಬಣ್ಣ ಬರೆದ, ನಿದ್ದೆ ಬರೆದ, ಉಸಿರು ಬರೆದ. 21ನೇ ದಿನ ಸತ್ತಳು. ಏನು ದುಃಖ ಅಂತ ಬರೆದಿಲ್ಲ.