ದೊರೆಸಾನಿಗೇ ಏಕೆ ಪ್ರೀತಿ ಹುಟ್ಟುತ್ತದೆ?

ಮೈಸೂರಿನ ಸರಸ್ವತಿಪುರಂನ ನಮ್ಮ ಮನೆಯ ಹಜಾರದಲ್ಲಿ ತಿಂಗಳಿಗೊಮ್ಮೆ ನಾಲ್ಕೈದು ಮನೆಯವರು ಸೇರಿ ಸಿನಿಮಾ ನೋಡುತ್ತೇವೆ. ಬ್ರಿಟಿಷರ ಕಾಲದ ಕಥೆಯಾದರೆ ಮುಗಿದ ಕೂಡಲೇ ಯಾರಾದರೊಬ್ಬರು ಕೇಳುವುದು ಇದನ್ನೇ: "ಅಲ್ಲ ಸ್ವಾಮಿ, ಯಾವಾಗಲೂ ದೊರೆಸಾನಿಯೇ ನಮ್ಮ ಹುಡುಗನಿಗೆ ಮನಸೋಲುತ್ತಾಳಲ್ಲ, ಅದು ಹೇಗೆ?"

ಅವಳು ಮನಸೋಲದಿದ್ದರೆ ನಾಯಕನ ಕೆಲಸ ಆಗುವುದಿಲ್ಲ, ಅದಕ್ಕೆ. 2001ರ 'ಲಗಾನ್' ನೋಡಿ. ಬ್ರಿಟಿಷ್ ಅಧಿಕಾರಿಯ ತಂಗಿ ಎಲಿಜಬೆತ್ ಬಂದು ಕ್ರಿಕೆಟ್ ಕಲಿಸದಿದ್ದರೆ ಚಂಪಾನೇರ್ ಹಳ್ಳಿಯವರು ಬ್ಯಾಟು ಹಿಡಿಯುವುದೆಲ್ಲಿಂದ ಬಂತು? ಒಡಹುಟ್ಟಿದವನನ್ನೇ ಎದುರು ಹಾಕಿಕೊಂಡು ಕಲಿಸುತ್ತಾಳೆ. ಪಂದ್ಯ ಗೆದ್ದ ನಾಯಕ ಭುವನ್ ತನ್ನೂರಿನ ಗೌರಿಯನ್ನು ಮದುವೆಯಾಗುತ್ತಾನೆ. ಇವಳು ಇಂಗ್ಲೆಂಡಿಗೆ ಹೋಗಿ ಕೊನೆಯವರೆಗೂ ಒಂಟಿ. 2022ರ 'ಆರ್‌ಆರ್‌ಆರ್'ನಲ್ಲಿ ನಾಯಕ ಭೀಮ ಹುಡುಕುತ್ತಿರುವ ತನ್ನ ಬುಡಕಟ್ಟಿನ ಪುಟ್ಟ ಹುಡುಗಿ ಮಲ್ಲಿ ಇರುವುದು ಗವರ್ನರ್ ಬಂಗಲೆಯಲ್ಲಿ. ದೊರೆಸಾನಿ ಜೆನ್ನಿ ಅವನನ್ನು ಕರೆದುಕೊಂಡು ಹೋಗುವುದೂ ಅಲ್ಲಿಗೇ. ಅವಳ ಪಾಲಿಗೆ ಅವನು ಅಖ್ತರ್. ನಿಜವಾದ ಹೆಸರೇ ಗೊತ್ತಿಲ್ಲದವನಿಗೆ ಕೋಟೆಯ ಬಾಗಿಲು ತೆಗೆಯುತ್ತಾಳೆ, ನಾವು ಚಪ್ಪಾಳೆ ತಟ್ಟುತ್ತೇವೆ. (ನಾನೂ ತಟ್ಟಿದ್ದೇನೆ, ಜೋರಾಗಿಯೇ.) ದೊರೆಯ ಮನೆಯ ಹೆಣ್ಣು ಒಲಿದರೆ ದೊರೆಯನ್ನು ಅರ್ಧ ಗೆದ್ದಂತೆ ಎಂಬ ಲೆಕ್ಕ.

ಹಾಗಾದರೆ ನಮ್ಮ ಹುಡುಗಿ, ಅವರ ಗಂಡು? ಹುಣಸೂರು ದಾಟಿದರೆ ಕೊಡಗು. 1834ರಲ್ಲಿ ಪಟ್ಟ ಕಳೆದುಕೊಂಡ ಚಿಕ್ಕವೀರರಾಜೇಂದ್ರ, ಈಸ್ಟ್ ಇಂಡಿಯಾ ಕಂಪನಿಯಿಂದ ತನ್ನ ಹಣ ವಾಪಸು ಕೇಳಲು 1852ರಲ್ಲಿ ಇಂಗ್ಲೆಂಡಿಗೆ ಹೋದಾಗ ಮಗಳು ಗೌರಮ್ಮನೂ ಜೊತೆಗಿದ್ದಳು. ಸ್ವತಃ ವಿಕ್ಟೋರಿಯಾ ರಾಣಿ ಧರ್ಮಮಾತೆಯಾಗಿ ನಿಂತು ದೀಕ್ಷಾಸ್ನಾನ ಮಾಡಿಸಿ, ತನ್ನ ಹೆಸರನ್ನೇ ಇಟ್ಟಳು. 1860ರಲ್ಲಿ, ತನಗಿಂತ ಎಷ್ಟೋ ದೊಡ್ಡವನಾದ ಕರ್ನಲ್ ಕ್ಯಾಂಪ್‌ಬೆಲ್ ಜೊತೆ ಮದುವೆ. 1864ರಲ್ಲಿ ಸಾವು. ಬೇಡ ಎನ್ನುವುದಕ್ಕೆ ಆ ಹುಡುಗಿಗೆ ಯಾರ ಆಸರೆಯಿತ್ತು? ಇದಕ್ಕೆ ಹಾಡು, ಕುಣಿತ ಹೊಂದಿಸುವುದು ಕಷ್ಟ.

ಈ ಸಂಕಟವನ್ನು ನೇರವಾಗಿ ಮುಟ್ಟಿದ್ದು ಶ್ಯಾಮ್ ಬೆನೆಗಲ್ ಅವರ 'ಜುನೂನ್', 1978ರದು. 1857ರ ದಂಗೆಯಲ್ಲಿ, ಬ್ರಿಟಿಷರ ಕಡೆಯವನಾದ ಗಂಡನನ್ನು ಕಳೆದುಕೊಂಡ ಮರಿಯಂ, ಮಗಳು ರೂತ್ ಜೊತೆ ಪಠಾಣ ಜಾವೇದ್ ಖಾನನ ಮನೆ ಸೇರಬೇಕಾಗುತ್ತದೆ. ಅಧಿಕಾರ ಕೈ ಬದಲಾಯಿಸಿದೆ. ಹೆಂಡತಿ ಇರುವ ಜಾವೇದ್, ರೂತ್ ಬೇಕು ಎಂದು ಹಟ ಹಿಡಿಯುತ್ತಾನೆ. ಅನ್ನ ಹಾಕುತ್ತಿರುವವನಿಗೆ ಆಗುವುದಿಲ್ಲ ಎನ್ನಲು ಮರಿಯಂಗೆ ಸಾಧ್ಯವಿಲ್ಲ. ದೆಹಲಿ ಯಾರ ಪಾಲಾಗುತ್ತದೋ ನೋಡಿಕೊಂಡು ತೀರ್ಮಾನಿಸೋಣ ಎಂದು ವಾಯಿದೆ ಕೇಳುತ್ತಾಳೆ. ಅಲ್ಲಿಂದ ಮುಂದೆ ಮದುವೆಯ ಮಾತೆಲ್ಲ ದಂಡಿನ ಸುದ್ದಿಗೆ ಕಾಯುತ್ತದೆ.

ಆ ದೃಶ್ಯ ಬಂದಾಗ ಹಜಾರದಲ್ಲಿ ಯಾರೂ ಮಾತನಾಡಲಿಲ್ಲ. ಕೊನೆಗೆ ಪಕ್ಕದ ಮನೆಯ ಅಜ್ಜಿ ಕಾಲು ನೀವಿಕೊಳ್ಳುತ್ತಾ ಅಂದರು: "ನಮ್ಮಮ್ಮನೂ ಹೀಗೇ. ಬೇಡದ ಗಂಡಿನ ಕಡೆಯವರು ದೊಡ್ಡ ಮನುಷ್ಯರಾದರೆ, ಆಷಾಢ ಕಳೆಯಲಿ ಎನ್ನುತ್ತಿದ್ದರು."