ಠಾಣೆಯಲ್ಲಿ ಬಾಯಿ ಬಿಡಬೇಕೇ?

ಕರಿ ಕೋಟು ಹಾಕಿಕೊಂಡ ದಿನದಿಂದ ಮದುವೆ ಮನೆಯ ಊಟದ ಪಂಕ್ತಿಯಲ್ಲೂ ನನ್ನನ್ನು ಬಿಡದ ಪ್ರಶ್ನೆ ಇದು: "ಪೊಲೀಸರು ಕರೆದು ಕೇಳಿದರೆ ಉತ್ತರ ಹೇಳಲೇಬೇಕೇ? ಸುಮ್ಮನಿರುವ ಹಕ್ಕು ಇದೆಯಂತಲ್ಲ?"

ಕೇಳುತ್ತಿರುವುದು ನಿಮ್ಮ ಸಂಗತಿಯೋ, ಇನ್ನೊಬ್ಬರದೋ ಎಂದು ನಾನು ತಿರುಗಿ ಕೇಳುತ್ತೇನೆ. ಪಕ್ಕದ ಮನೆಯ ಬೀಗ ಒಡೆದವನನ್ನು ಕಂಡಿದ್ದರೆ, ಕಂಡದ್ದನ್ನು ಕಂಡಂತೆ ಹೇಳಲೇಬೇಕು. ಪೊಲೀಸ್ ತನಿಖೆ, ವಿಚಾರಣೆ ಹೇಗೆ ನಡೆಯಬೇಕೆಂದು ಹೇಳುವ ಕಾನೂನಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 180ನೇ ಕಲಂ ಹಾಗೆನ್ನುತ್ತದೆ. ಉತ್ತರ ನಿಮ್ಮ ಕುತ್ತಿಗೆಗೇ ಬರುವಂತಿದ್ದರೆ ಮಾತ್ರ ಹೇಳಬೇಕಿಲ್ಲ ಎಂದು ಅದೇ ಕಲಂ ಒಂದು ಕಿಂಡಿ ಬಿಟ್ಟಿದೆ.

ಆ ಕಿಂಡಿಯ ಅಳತೆ ತಿಳಿಯಬೇಕಾದರೆ ಒಡಿಶಾದ ಮಾಜಿ ಮುಖ್ಯಮಂತ್ರಿ ನಂದಿನಿ ಸತ್ಪತಿಯವರ ಪ್ರಕರಣ ನೋಡಬೇಕು. 1977ರಲ್ಲಿ ಅವರನ್ನು ಕಟಕ್‌ನ ವಿಜಿಲೆನ್ಸ್ (ಭ್ರಷ್ಟಾಚಾರ ತನಿಖೆಯ) ಠಾಣೆಗೆ ಕರೆಸಿ, ಪ್ರಶ್ನೆಗಳ ಉದ್ದನೆಯ ಪಟ್ಟಿಯೊಂದನ್ನು ಕೈಗಿತ್ತರು. ಅವರು ಉತ್ತರಿಸಲಿಲ್ಲ, ಅದಕ್ಕೂ ಒಂದು ಮೊಕದ್ದಮೆ ಬಿತ್ತು. ಆರೋಪಿಯನ್ನು ತನ್ನ ವಿರುದ್ಧವೇ ಸಾಕ್ಷಿ ಹೇಳುವಂತೆ ಬಲವಂತ ಮಾಡಕೂಡದು ಎನ್ನುವ ಸಂವಿಧಾನದ 20(3)ನೇ ವಿಧಿಯ ರಕ್ಷಣೆ ಕಟಕಟೆಗೆ ಬರುವ ಮೊದಲೇ, ಠಾಣೆಯ ಬೆಂಚಿನ ಮೇಲೆಯೇ ಶುರುವಾಗುತ್ತದೆ ಎಂದು 1978ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಬರೆದರು. ಹೆಂಗಸನ್ನು ಹಾಗೆ ಠಾಣೆಗೆ ಕರೆಸಿದ್ದೇ ತಪ್ಪು ಎಂದರು. ಹಾಗೆಂದು ಬಾಯಿಗೆ ಪೂರ್ತಿ ಬೀಗ ಹಾಕಿಕೊಳ್ಳಲು ಬಿಡಲಿಲ್ಲ: ತನ್ನನ್ನು ಸಿಕ್ಕಿಸದ ಪ್ರಶ್ನೆಗಳಿಗೆ ಆಕೆ ಉತ್ತರಿಸಬೇಕಿತ್ತು. (ಮದ್ದು ಕೊಟ್ಟು ಬಾಯಿ ಬಿಡಿಸುವ ಮಂಪರು ಪರೀಕ್ಷೆಯ ಬಗ್ಗೆ ಕೇಳುವವರಿಗೆ: ಒಪ್ಪಿಗೆಯಿಲ್ಲದೆ ಸಲ್ಲದು ಎಂದು 2010ರಲ್ಲೇ ತೀರ್ಪಾಗಿದೆ.)

ಆದರೆ ನನ್ನ ಬಳಿ ಬರುವವರಲ್ಲಿ ಹೆಚ್ಚಿನವರ ಭಯವೇ ಬೇರೆ. ಈಚೆಗೆ ಬಂದ ಕಿರಾಣಿ ಅಂಗಡಿಯವರು, ಅಂಗಡಿಯೆದುರು ಬೈಕು ಬಡಿದು ಮುದುಕರೊಬ್ಬರು ಉರುಳಿದ್ದನ್ನು ಕಣ್ಣಾರೆ ಕಂಡವರು. "ಚಿಲ್ಲರೆ ಎಣಿಸುತ್ತಿದ್ದೆ, ನೋಡಲಿಲ್ಲ" ಎಂದು ಪೊಲೀಸರಿಗೆ ಹೇಳಿ ಬಂದಿದ್ದರು. ಇದನ್ನು ಮೌನ ಎನ್ನಲು ಬರುವುದಿಲ್ಲ ಸ್ವಾಮಿ, ಇದು ಸುಳ್ಳು ಎಂದೆ. "ವರ್ಷಗಟ್ಟಲೆ ಕೋರ್ಟಿಗೆ ಅಲೆಸುತ್ತಾರೆ. ಗಲ್ಲಾಪೆಟ್ಟಿಗೆಯ ಮುಂದೆ ಯಾರು ಕೂರುತ್ತಾರೆ?" ಎಂದರು. ಇದಕ್ಕೆ ಯಾವ ಕಲಮಿನಲ್ಲೂ ಉತ್ತರವಿಲ್ಲ, ನನ್ನಲ್ಲೂ ಇರಲಿಲ್ಲ.

ಮರುದಿನ ಹೋಗಿ ಕಂಡದ್ದನ್ನು ಹೇಳಿದರು. ಬರೆದುಕೊಂಡ ಪೇದೆ ಕೊನೆಗೆ ಸಹಿಗೆಂದು ಪೆನ್ನು ಚಾಚಿದರಂತೆ. ತನಿಖೆಯಲ್ಲಿ ಸಾಕ್ಷಿ ಕೊಡುವ ಹೇಳಿಕೆಗೆ ಸಹಿ ಹಾಕಿಸಕೂಡದು ಎಂದು 181ನೇ ಕಲಂ ಹೇಳುವುದನ್ನು ನಾನು ಮೊದಲೇ ತಿಳಿಸಿದ್ದೆ. ಇವರು ಪೆನ್ನನ್ನು ಮೇಜಿನ ಮೇಲಿಟ್ಟು ಎದ್ದು ಬಂದಿದ್ದಾರೆ. ಸಮನ್ಸು ಇನ್ನೂ ಬಂದಿಲ್ಲ. ತಮ್ಮನ ಮಗ ಈಗ ಸಂಜೆ ಹೊತ್ತು ಗಲ್ಲಾಪೆಟ್ಟಿಗೆಯ ಮುಂದೆ ಕೂತು ಲೆಕ್ಕ ಕಲಿಯುತ್ತಿದ್ದಾನೆ.