ಬಾವುಟದ ನಡುವೆ ಚರಕ ಇರಲಿ

ಮದ್ದೂರಿನ ಶಿವಪುರ ಧ್ವಜ ಸತ್ಯಾಗ್ರಹವನ್ನು ನಾಟಕ ಮಾಡುವವರಿಗೆ ನನ್ನದೊಂದು ಮಾತು: ಮೊದಲು ಬಾವುಟ ಸರಿಮಾಡಿಕೊಳ್ಳಿ. 1938ರ ಏಪ್ರಿಲ್‌ನಲ್ಲಿ ಅಲ್ಲಿ ಹಾರಿದ್ದು ಕಾಂಗ್ರೆಸ್ ಧ್ವಜ, ಅದರ ನಡುವೆ ಇದ್ದದ್ದು ಚರಕ. ಅಶೋಕ ಚಕ್ರ ಬಂದಿದ್ದು 1947ರಲ್ಲಿ. ಸಣ್ಣ ವಿಷಯ ಅನ್ನಿಸಬಹುದು, ಆದರೆ ಮೈಸೂರು ಸಂಸ್ಥಾನದ ಸರ್ಕಾರ ಹಾರಿಸಬೇಡಿ ಅಂದರೂ ಎತ್ತಿ ಹಿಡಿದ ಬಾವುಟ ಇದೇ ಅನ್ನೋದು ಆ ಚರಕ ಕೈಗೆ ಸಿಕ್ಕಾಗಲೇ ನಟನ ಮೈಗೆ ಹತ್ತುವುದು, ಅಲ್ವಾ? ಸುಮ್ನೆ ಜೋರಾಗಿ ಜೈಕಾರ ಹಾಕಿದರೆ ಸಾಲದು. ದಾಖಲೆಯಲ್ಲಿ ‘ಬಂಧಿಸಲಾಯಿತು’ ಎಂದಷ್ಟೇ ಇರುತ್ತದೆ. ನಟ ಮಾತ್ರ ಕೇಳಲೇಬೇಕು: ಆಗ ಕೈ ಎಲ್ಲಿತ್ತು? ಪಕ್ಕದಲ್ಲಿ ಯಾರಿದ್ದರು? ಆ ಬಿಸಿಲಿಗೆ ಗಂಟಲು ಒಣಗಿರಲಿಲ್ಲವೇ? ಹೀಗೆ ಕೇಳುತ್ತಾ ಹೋದರೆ ತಾಲೀಮು ಬಿಟ್ಟು ಮತ್ತೆ ಹಳೇ ಪತ್ರಿಕೆ, ಊರಿನ ಹಿರಿಯರು, ಶಿವಪುರದ ಸತ್ಯಾಗ್ರಹ ಸೌಧ ಅಂತ ಅಲೆಯಬೇಕಾಗುತ್ತದೆ. ಅಲೆಯಿರಿ, ದಯವಿಟ್ಟು.